ಪಾಲು ಎಷ್ಟು, ಒಟ್ಟು ಯಾವುದು?

“ಕಾಲು ಕಿಲೋ ಪುಡಿ ಕೊಡಿ. ಎಂಬತ್ತು-ಇಪ್ಪತ್ತು.” ಮಂಗಳೂರಿನ ಕಾಫಿಪುಡಿ ಅಂಗಡಿಯ ಮುಂದೆ ಸ್ವಲ್ಪ ಹೊತ್ತು ನಿಂತರೆ ಇಂಥ ಮಾತು ಕಿವಿಗೆ ಬಿದ್ದೇ ಬೀಳುತ್ತದೆ. ಅಂಗಡಿಯವರು ಪೆನ್ಸಿಲಿಗೆ ಕೈಹಾಕುವುದಿಲ್ಲ. 200 ಗ್ರಾಂ ಕಾಫಿಪುಡಿ ತೂಗಿ ಅದರ ಮೇಲೆ 50 ಗ್ರಾಂ ಚಿಕೋರಿ ಸುರಿಯುತ್ತಾರೆ, ಒಂದು ಸಲ ಕಲಸಿ ಪೊಟ್ಟಣ ಕಟ್ಟುತ್ತಾರೆ. ಮಿಶ್ರಣದಲ್ಲಿ ಕಾಫಿಯ ಪಾಲು ಶೇ. 51ಕ್ಕಿಂತ ಕೆಳಗಿಳಿಯಬಾರದು ಎಂಬುದು ಆಹಾರ ಸುರಕ್ಷತೆಯ ನಿಯಮ. ಅದರ ಮೇಲೆ ಎಷ್ಟಿರಬೇಕು ಎಂಬುದು ನಾಲಗೆಗೆ ಬಿಟ್ಟದ್ದು.

ಅದೇ ಪೊಟ್ಟಣ ಹಿಡಿದು ಮನೆಗೆ ಬಂದರೆ, ಮಗಳು ಗಣಿತದ ಪುಸ್ತಕ ತೆರೆದು ಕೂತಿರುತ್ತಾಳೆ. 40 ಗೋಲಿಗಳನ್ನು ಇಬ್ಬರಿಗೆ 3:2ರ ಅನುಪಾತದಲ್ಲಿ ಹಂಚಬೇಕು, ಒಬ್ಬೊಬ್ಬರಿಗೆ ಎಷ್ಟು? ಅವಳು 40ನ್ನು 3ರಿಂದ ಭಾಗಿಸಿದ್ದಾಳೆ, 2ರಿಂದಲೂ ಭಾಗಿಸಿದ್ದಾಳೆ. ಒಬ್ಬನಿಗೆ ಹದಿಮೂರೂ ಚಿಲ್ಲರೆ ಗೋಲಿ, ಇನ್ನೊಬ್ಬನಿಗೆ 20. ಮೂರು ಪಾಲಿನವನಿಗೇ ಕಡಿಮೆ ಬಂದಿದೆ, ಎರಡನ್ನೂ ಕೂಡಿಸಿದರೆ 40 ಆಗುವುದೂ ಇಲ್ಲ.

ಈ ತಪ್ಪು ಮಾಡದ ಮಕ್ಕಳು ಕಡಿಮೆ. ಮಾಡುವ ದೊಡ್ಡವರೂ ಇದ್ದಾರೆ. ಅಂಗಡಿಯಲ್ಲಿ ಸುಲಭವಾದ ಲೆಕ್ಕ ಪುಸ್ತಕದಲ್ಲಿ ಕಷ್ಟವಾಗುವುದಕ್ಕೆ ಕಾರಣ ಹುಡುಕಿದರೆ ಒಂದೇ ಸಿಗುತ್ತದೆ. ಎಂಬತ್ತು-ಇಪ್ಪತ್ತು ಎನ್ನುವಾಗ ಕೂಡಿದರೆ ನೂರು ಎಂಬುದು ಹೇಳದೆಯೇ ಗೊತ್ತಿರುತ್ತದೆ. 3:2 ಎನ್ನುವಾಗ ಆ ಕೂಡುವ ಕೆಲಸವನ್ನು ನಾವೇ ಮಾಡಬೇಕು. ಮೂರು ಪಾಲು, ಎರಡು ಪಾಲು, ಒಟ್ಟು ಐದು ಪಾಲು. 40ನ್ನು ಐದು ಮಾಡಿದರೆ ಪಾಲಿಗೆ 8. ಒಬ್ಬನಿಗೆ 24, ಇನ್ನೊಬ್ಬನಿಗೆ 16. ಮತ್ತೆ ಕೂಡಿಸಿ ನೋಡಿದರೆ 40. ವಿಧಾನ ಇಷ್ಟೇ.

ಪಾಲು ಮಾಡುವುದು ಈ ಊರಿಗೆ ಹೊಸದೇನಲ್ಲ. ತುಳುನಾಡಿನ ಮನೆಗಳ ಅಟ್ಟದಲ್ಲಿ ಒಂದು ಕಾಲಕ್ಕೆ ಸಾಲಾಗಿ ಕೂತಿರುತ್ತಿದ್ದ ಅಕ್ಕಿಮುಡಿಯನ್ನೇ ನೋಡಬಹುದು. ಒಣಹುಲ್ಲನ್ನು ಹರಡಿ, ನಡುವೆ ಅಕ್ಕಿ ಸುರಿದು, ಹುಲ್ಲಿನದೇ ಹಗ್ಗ ಬಿಗಿದು ಉಂಡೆ ಮಾಡಿದ ಕಟ್ಟು ಅದು. 14 ಸೇರಿಗೆ ಒಂದು ಕಳಸಿಗೆ, ಮೂರು ಕಳಸಿಗೆಗೆ ಒಂದು ಮುಡಿ. ಅಂದರೆ ಮುಡಿಗೆ 42 ಸೇರು. ಹಂಚುವವರಿಗೆ ಇದು ಬಹಳ ಒಳ್ಳೆಯ ಸಂಖ್ಯೆ. ಮೂವರಿಗೆ 1:2:3ರಂತೆ ಹಂಚಿದರೆ ಆರು ಪಾಲು, ಪಾಲಿಗೆ ಏಳು ಸೇರು: 7, 14, 21. ಅಳೆಯುವವರ ಬಾಯಲ್ಲಿ ಅದು ಅರ್ಧ ಕಳಸಿಗೆ, ಒಂದು ಕಳಸಿಗೆ, ಒಂದೂವರೆ ಕಳಸಿಗೆ. 1:2:4 ಎಂದರೆ ಏಳು ಪಾಲು: 6, 12, 24. ಆದರೆ 3:2 ಎಂದರೆ 42 ಸೇರು ಐದಕ್ಕೆ ಒಡೆಯಬೇಕು, ಪಾಲಿಗೆ 8.4. ಆಗ ಸೇರನ್ನೇ ಒಡೆದು ಅಳೆಯದೆ ಗತಿಯಿಲ್ಲ. ಲೆಕ್ಕ ಕಷ್ಟವಾದದ್ದು ಅನುಪಾತದಿಂದಲ್ಲ, ಅನುಪಾತದ ಮೊತ್ತಕ್ಕೂ ಒಟ್ಟು ಮೊತ್ತಕ್ಕೂ ಹೊಂದಿಕೆ ಆಗದ್ದರಿಂದ.

ಕನ್ನಡ ನಾಡಿನಲ್ಲಿ ಈ ಲೆಕ್ಕ ಬರಹಕ್ಕಿಳಿದು ಸಾವಿರ ವರ್ಷ ದಾಟಿದೆ. ರಾಷ್ಟ್ರಕೂಟರ ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಸುಮಾರು 850ರಲ್ಲಿ, ಮಹಾವೀರಾಚಾರ್ಯ ಸಂಸ್ಕೃತದಲ್ಲಿ ‘ಗಣಿತಸಾರಸಂಗ್ರಹ’ ಬರೆದ. ಅದರಲ್ಲಿ ಮಿಶ್ರಣದ ಲೆಕ್ಕಗಳಿಗೆಂದೇ ಒಂದು ದೊಡ್ಡ ಅಧ್ಯಾಯವಿದೆ. ಒಟ್ಟನ್ನು ಪಾಲಿಗೆ ತಕ್ಕಂತೆ ಒಡೆಯುವ ವಿಧಾನಕ್ಕೆ ಅಲ್ಲಿ ‘ಪ್ರಕ್ಷೇಪಕ’ ಎಂಬ ಹೆಸರು. ಹನ್ನೆರಡನೆಯ ಶತಮಾನದಲ್ಲಿ ರಾಜಾದಿತ್ಯ ‘ವ್ಯವಹಾರಗಣಿತ’ವನ್ನು ಕನ್ನಡದಲ್ಲೇ ಬರೆದ. ಅದೇ ಶತಮಾನದ ಭಾಸ್ಕರಾಚಾರ್ಯನ ‘ಲೀಲಾವತಿ’ಯಲ್ಲಿ ಮೂವರು ವ್ಯಾಪಾರಿಗಳ ಲೆಕ್ಕ ಬರುತ್ತದೆ. ಅವರು ಹಾಕಿದ ಬಂಡವಾಳ 51, 68, 85. ವ್ಯಾಪಾರ ಮುಗಿದಾಗ ಒಟ್ಟು 300 ಆಗಿದೆ. ಯಾರಿಗೆ ಎಷ್ಟು? ಮೂರೂ ಸಂಖ್ಯೆ 17ರಿಂದ ಭಾಗವಾಗುತ್ತವೆ. ಹಾಗಾಗಿ ಇದು 3:4:5. ಹನ್ನೆರಡು ಪಾಲು, ಪಾಲಿಗೆ 25. ಉತ್ತರ 75, 100, 125. ಮಕ್ಕಳಿಗೆ ಗೋಲಿ ಹಂಚುವ ಲೆಕ್ಕದ ಬದಲು ಇದನ್ನೇ ಕೊಟ್ಟರೆ ಎಷ್ಟು ಚೆನ್ನ. ಯಾರು ಎಷ್ಟು ಹಾಕಿದ್ದಾರೋ ಅಷ್ಟಕ್ಕೆ ತಕ್ಕ ಪಾಲು ಎಂಬ ನ್ಯಾಯ ಅದರಲ್ಲಿ ಕಣ್ಣಿಗೆ ಕಾಣುತ್ತದೆ.

ಮಹಾವೀರನ ಅದೇ ಅಧ್ಯಾಯದಲ್ಲಿ ಚಿನ್ನದ ಮಿಶ್ರಣಕ್ಕೆ ಬೇರೆಯೇ ಭಾಗವಿದೆ. ಆಗ ಅಪ್ಪಟ ಚಿನ್ನಕ್ಕೆ 16 ವರ್ಣ, ಈಗ 24 ಕ್ಯಾರೆಟ್. ಮಂಗಳೂರಿನ ಕಾರ್‌ಸ್ಟ್ರೀಟಿನ ಚಿನ್ನದಂಗಡಿಯಲ್ಲಿ ಒಂದು ಪವನು, ಅಂದರೆ 8 ಗ್ರಾಂ, ತೂಗುವ 22 ಕ್ಯಾರೆಟಿನ ಸರ ಕೊಂಡರೆ ಅದರಲ್ಲಿ ಚಿನ್ನವೂ ಬೇರೆ ಲೋಹವೂ 22:2, ಅಂದರೆ 11:1. ಹನ್ನೆರಡು ಪಾಲಿನಲ್ಲಿ ಹನ್ನೊಂದು ಪಾಲು ಚಿನ್ನ: 7.33 ಗ್ರಾಂ. ಉಳಿದ 0.67 ಗ್ರಾಂ ತಾಮ್ರವೋ ಬೆಳ್ಳಿಯೋ. ಹಾಲ್‌ಮಾರ್ಕಿನ ಪಕ್ಕದ 916 ಎಂಬ ಸಂಖ್ಯೆ ಇದೇ ಲೆಕ್ಕವನ್ನು ಸಾವಿರಕ್ಕೆ ಹೇಳಿದ್ದು.

ಇಷ್ಟರವರೆಗೆ ಎಲ್ಲ ಸಲೀಸು. ತೊಡಕು ಹುಟ್ಟುವುದು ಭಾಗಾಕಾರದಲ್ಲಲ್ಲ, ಅದಕ್ಕೂ ಮೊದಲೇ. ಕೈಯಲ್ಲಿರುವ ಒಟ್ಟು ಯಾವುದರ ಒಟ್ಟು ಎಂದು ಕೇಳದೆ ಭಾಗಿಸಹೊರಟರೆ ಸರಿಯಾದ ವಿಧಾನವೂ ತಪ್ಪು ಉತ್ತರ ಕೊಡುತ್ತದೆ. ಮಂಗಳೂರಿನ ದಕ್ಕೆಯಲ್ಲಿ ದುಡಿಯುವವರಿಗೆ ಇದನ್ನು ಯಾರೂ ಕಲಿಸಬೇಕಿಲ್ಲ.

ಕರಾವಳಿಯ ಹಳೆಯ ರಂಪಣಿ ಬಲೆ ಒಬ್ಬರ ಸ್ವತ್ತಾಗಿರಲಿಲ್ಲ. ಹತ್ತಾರು ಜನ ಸೇರಿ ದಡದಿಂದ ಎಳೆಯುತ್ತಿದ್ದ ಬಲೆ ಅದು. ಬಿದ್ದ ಬೂತಾಯಿ, ಬಂಗುಡೆಯ ದುಡ್ಡು ಪಾಲಿನ ಲೆಕ್ಕದಲ್ಲಿ ಹಂಚಿಹೋಗುತ್ತಿತ್ತು. 1970ರ ದಶಕದ ನಡುವಲ್ಲಿ ಪರ್ಸೀನ್ ಬೋಟುಗಳು ಬಂದ ಮೇಲೆ ರಂಪಣಿ ಹಿಂದೆ ಸರಿಯಿತು, ಪಾಲು ಮಾತ್ರ ಉಳಿಯಿತು. ಪಾಲು ಎಷ್ಟೆಷ್ಟು ಎಂಬುದು ಬೋಟಿನಿಂದ ಬೋಟಿಗೆ ಬೇರೆ. ಲೆಕ್ಕ ತಿಳಿಯುವುದಕ್ಕೆ ಮಾಲೀಕರಿಗೆ 3, ಕೆಲಸದವರಿಗೆ 2 ಎಂದಿಟ್ಟುಕೊಳ್ಳೋಣ. ಮೀನು ಒಂದು ಲಕ್ಷ ರೂಪಾಯಿಗೆ ಏಲಂ ಆಯಿತು, ಡೀಸೆಲ್, ಮಂಜುಗಡ್ಡೆ ಇತ್ಯಾದಿಗೆ 40,000 ಹೋಯಿತು ಎನ್ನೋಣ. ಖರ್ಚು ಕಳೆದು ಉಳಿದ 60,000ವನ್ನು ಹಂಚಿದರೆ ಮಾಲೀಕರಿಗೆ 36,000, ಕೆಲಸದವರಿಗೆಲ್ಲ ಸೇರಿ 24,000. ಒಂದು ಲಕ್ಷವನ್ನೇ ಮೊದಲು ಹಂಚಿ ಖರ್ಚನ್ನು ಮಾಲೀಕರ ತಲೆಗೆ ಕಟ್ಟಿದರೆ ಕೆಲಸದವರಿಗೆ 40,000, ಮಾಲೀಕರ ಕೈಯಲ್ಲಿ ಉಳಿಯುವುದು 20,000. ಅನುಪಾತ ಒಂದೇ, ಮೀನೂ ಒಂದೇ. ಹಂಚಿದ ಒಟ್ಟು ಬೇರೆಯಾದದ್ದರಿಂದ ಎರಡು ಕಡೆಯವರ ಪಾಡೂ ಬೇರೆಯಾಯಿತು.

ಅನುಪಾತದ ಸಂಖ್ಯೆಯೇ ಅಷ್ಟು ನಿಖರವಲ್ಲದ ಸಂದರ್ಭವೂ ಇದೆ. 2011ರ ಜನಗಣತಿಯಲ್ಲಿ ದಕ್ಷಿಣ ಕನ್ನಡ ಜಿಲ್ಲೆಯ ಜನಸಂಖ್ಯೆ 20,89,649. ಲಿಂಗಾನುಪಾತ 1,000 ಗಂಡಸರಿಗೆ 1,020 ಹೆಂಗಸರು. ಇವೆರಡೇ ಗೊತ್ತಿದ್ದರೆ? 2,020 ಪಾಲಿಗೆ ಭಾಗಿಸಿ 1,000ದಿಂದ ಗುಣಿಸಿದರೆ ಗಂಡಸರು 10,34,480. ಜನಗಣತಿ ಎಣಿಸಿದ್ದು 10,34,714. ವ್ಯತ್ಯಾಸ 234 ಜನ. ನಿಜವಾದ ಅನುಪಾತ 1,019.5ರಷ್ಟಿದ್ದು, ಅದನ್ನು 1,020 ಎಂದು ಬರೆದುಕೊಂಡದ್ದರಿಂದ ಬಂದ ವ್ಯತ್ಯಾಸ ಇದು. ಇಪ್ಪತ್ತು ಲಕ್ಷದಲ್ಲಿ 234 ದೊಡ್ಡದಲ್ಲ, ಆದರೂ ಅಷ್ಟು ಜನ ಒಂದು ಸಣ್ಣ ಊರು.

ಇನ್ನು ಅಡಿಕೆ ತೋಟಕ್ಕೆ ಬರೋಣ. ಬೆಳೆಗಾರರ ಸಂಸ್ಥೆ ಕ್ಯಾಂಪ್ಕೊ 1973ರಿಂದ ಮಂಗಳೂರಿನಲ್ಲೇ ಇದೆ, ಪಣಂಬೂರಿನಲ್ಲಿ 1976ರಿಂದ ಯೂರಿಯಾ ತಯಾರಾಗುತ್ತಿದೆ. ಗೊಬ್ಬರ ಎಷ್ಟು ಹಾಕಬೇಕು ಎಂಬ ಪ್ರಶ್ನೆಗೆ ಕಾಸರಗೋಡಿನ ಕೇಂದ್ರೀಯ ತೋಟಗಾರಿಕಾ ಬೆಳೆಗಳ ಸಂಶೋಧನಾ ಸಂಸ್ಥೆಯ ಶಿಫಾರಸು ಬೆಳೆಗಾರರಿಗೆ ಬಾಯಿಪಾಠವಾಗಿದೆ: ಮರವೊಂದಕ್ಕೆ ವರ್ಷಕ್ಕೆ ಸಾರಜನಕ 100 ಗ್ರಾಂ, ರಂಜಕ 40 ಗ್ರಾಂ, ಪೊಟ್ಯಾಷ್ 140 ಗ್ರಾಂ. ಜೊತೆಗೆ ಹಸಿರೆಲೆ, ಕಾಂಪೋಸ್ಟ್ ತಲಾ 12 ಕಿಲೋ. ರಾಸಾಯನಿಕದ ಭಾಗವನ್ನು ಸರಳ ಮಾಡಿದರೆ 5:2:7, ಒಟ್ಟು 14 ಪಾಲು.

ತಪ್ಪುವುದು ಇಲ್ಲಿಯೇ. 5:2:7 ಎನ್ನುವುದು ಪೋಷಕಾಂಶಗಳ ಅನುಪಾತ. ಗೋಣಿಯಲ್ಲಿ ಬರುವುದು ಪೋಷಕಾಂಶವಲ್ಲ, ಗೊಬ್ಬರ. ಯೂರಿಯಾದಲ್ಲಿ ಸಾರಜನಕ ಶೇ. 46 ಮಾತ್ರ. ರಾಕ್ ಫಾಸ್ಫೇಟಿನಲ್ಲಿ ರಂಜಕದ ಅಂಶ ಸುಮಾರು ಶೇ. 20, ಪೊಟ್ಯಾಷ್ ಗೊಬ್ಬರದಲ್ಲಿ ಪೊಟ್ಯಾಷ್ ಶೇ. 60. 100 ಗ್ರಾಂ ಸಾರಜನಕ ಬೇಕಿದ್ದರೆ 100ನ್ನು 0.46ರಿಂದ ಭಾಗಿಸಬೇಕು, ಸುಮಾರು 220 ಗ್ರಾಂ ಯೂರಿಯಾ. ಹೀಗೆಯೇ ರಾಕ್ ಫಾಸ್ಫೇಟ್ 200 ಗ್ರಾಂ, ಪೊಟ್ಯಾಷ್ ಗೊಬ್ಬರ 235 ಗ್ರಾಂ. ಮೂರೂ ಸೇರಿ ಮರಕ್ಕೆ 655 ಗ್ರಾಂ. 200 ಮರದ ತೋಟಕ್ಕೆ 131 ಕಿಲೋ: ಯೂರಿಯಾ 44, ರಾಕ್ ಫಾಸ್ಫೇಟ್ 40, ಪೊಟ್ಯಾಷ್ 47 ಕಿಲೋ.

ಅದೇ 131 ಕಿಲೋವನ್ನು 5:2:7 ಎಂದು ಒಡೆದರೆ ಏನಾಗುತ್ತದೆ? ಯೂರಿಯಾ 46.8 ಕಿಲೋ, ಹೆಚ್ಚುಕಡಿಮೆ ಸರಿಯೇ ಕಾಣುತ್ತದೆ. ರಾಕ್ ಫಾಸ್ಫೇಟ್ ಮಾತ್ರ 18.7ಕ್ಕೆ ಇಳಿದು ಬೇಕಾದ್ದರ ಅರ್ಧವೂ ಆಗುವುದಿಲ್ಲ, ಪೊಟ್ಯಾಷ್ 65.5ಕ್ಕೆ ಏರುತ್ತದೆ. ಕೂಡಿಸಿದರೆ 131 ಸರಿಯಾಗಿ ಬರುವುದರಿಂದ ತಪ್ಪು ಹಿಡಿಯುವುದಕ್ಕೂ ಆಗುವುದಿಲ್ಲ. ಗೋಲಿಯ ಲೆಕ್ಕದಲ್ಲಿ ಮಗಳ ತಪ್ಪನ್ನು ಕೂಡಿಸಿ ಹಿಡಿದ ಉಪಾಯ ಇಲ್ಲಿ ನಡೆಯದು.

ಅದೇ ತೋಟಕ್ಕೆ ಮಳೆಗಾಲದ ಮುಂಚೆ ಕೊಳೆರೋಗ ತಡೆಯಲು ಹೊಡೆಯುವ ಬೋರ್ಡೋ ದ್ರಾವಣದ್ದು ಇನ್ನೊಂದು ಬಗೆ. 1880ರ ದಶಕದಲ್ಲಿ ಫ್ರಾನ್ಸಿನ ಬೋರ್ಡೋ ಸುತ್ತಿನ ದ್ರಾಕ್ಷಿ ತೋಟಗಳಲ್ಲಿ ಹುಟ್ಟಿದ ಈ ಮದ್ದು ಕರಾವಳಿಯ ಅಡಿಕೆಗೆ ಇಂದಿಗೂ ಆಸರೆ. ಶೇ. 1ರ ದ್ರಾವಣಕ್ಕೆ ಮೈಲುತುತ್ತು 1 ಕಿಲೋ, ಸುಣ್ಣ 1 ಕಿಲೋ, ನೀರು 100 ಲೀಟರ್. 1:1:100 ಎಂದು ಬರೆಯುತ್ತಾರೆ. 200 ಲೀಟರಿನ ಡ್ರಮ್ಮಿಗೆ 102 ಪಾಲು ಮಾಡಿ ಲೆಕ್ಕ ಹಾಕುತ್ತ ಯಾರೂ ಕೂರುವುದಿಲ್ಲ. 100 ಎಂಬುದೇ ಒಟ್ಟು, ಅದು ಎರಡರಷ್ಟಾದರೆ ಉಳಿದದ್ದೂ ಎರಡರಷ್ಟು: ತಲಾ 2 ಕಿಲೋ. ಎರಡನ್ನೂ ಬೇರೆ ಬೇರೆ ನೀರಿನಲ್ಲಿ ಕರಗಿಸಿ ಆಮೇಲೆ ಸೇರಿಸಿ, ಹೊಳೆಯುವ ಚೂರಿಯ ಅಲಗನ್ನು ಸ್ವಲ್ಪ ಹೊತ್ತು ಅದ್ದಿ ನೋಡುತ್ತಾರೆ. ಅಲಗಿನ ಮೇಲೆ ಕೆಂಪಗೆ ತಾಮ್ರ ಕೂತರೆ ಇನ್ನಷ್ಟು ಸುಣ್ಣದ ನೀರು ಬೇಕು. ಸುಣ್ಣ ಎಲ್ಲ ಅಂಗಡಿಯದ್ದೂ ಒಂದೇ ಗುಣದ್ದಲ್ಲ, ಹಾಗಾಗಿ ಅಳೆದು ಹಾಕಿದ ಮೇಲೂ ಚೂರಿಯ ಮಾತು ಕೇಳುವುದು ಜಾಣತನ.

ಒಟ್ಟು ಯಾವುದರ ಒಟ್ಟು ಎಂಬ ಪ್ರಶ್ನೆ ಎಲ್ಲಕ್ಕಿಂತ ದುಬಾರಿಯಾಗುವುದು ಮನೆ ಕಟ್ಟುವಾಗ. ಮಂಗಳೂರಿನಲ್ಲಿ ಮರಳಿಗೆ ಹೊಯ್ಗೆ ಎನ್ನುತ್ತಾರೆ. ನದಿಯ ಬದಿಯಲ್ಲಿ ಹೊಯ್ಗೆ ಬಜಾರ್ ಎಂಬ ಜಾಗವೇ ಇದೆ. ಸಿಮೆಂಟ್, ಹೊಯ್ಗೆ, ಜಲ್ಲಿ ಈ ಮೂರರ ಅನುಪಾತ ಪ್ರತಿ ಮೇಸ್ತ್ರಿಯ ನಾಲಗೆಯ ತುದಿಯಲ್ಲಿದೆ. ಎಂ20 ಎಂಬ ಕಾಂಕ್ರೀಟಿಗೆ ವಾಡಿಕೆಯ ಮಿಶ್ರಣ 1:1.5:3. ಕಬ್ಬಿಣ ಹಾಕಿದ ಕಾಂಕ್ರೀಟಿಗೆ ಎಂ20ಕ್ಕಿಂತ ಕಡಿಮೆಯದ್ದು ಸಲ್ಲದು ಎನ್ನುತ್ತದೆ 2000ನೇ ಇಸವಿಯ ಭಾರತೀಯ ಮಾನಕ 456. ಕಡಲಿನ ಉಪ್ಪುಗಾಳಿಗೆ ಮೈಯೊಡ್ಡಿ ನಿಲ್ಲುವ ಕಟ್ಟಡಕ್ಕೆ ಅದು ಕೇಳುವುದು ಎಂ30. ಅದನ್ನು ಬುಟ್ಟಿಯ ಲೆಕ್ಕದಲ್ಲಿ ಮಾಡುವಂತಿಲ್ಲ, ಎಂಜಿನಿಯರರು ಮಿಶ್ರಣವನ್ನು ಪರೀಕ್ಷಿಸಿಯೇ ನಿರ್ಧರಿಸಬೇಕು. ಇಲ್ಲಿ ಎಂ20ರ ಲೆಕ್ಕವನ್ನಷ್ಟೇ ನೋಡೋಣ.

“ಮೇಸ್ತ್ರಿ, ಸಾವಿರ ಚದರ ಅಡಿ ಸ್ಲ್ಯಾಬಿಗೆ ಎಷ್ಟು ಗೋಣಿ ಸಿಮೆಂಟ್ ಬೇಕಾದೀತು?”

ಸ್ಲ್ಯಾಬಿನ ದಪ್ಪ ಐದು ಇಂಚು ಎಂದರೆ ಕಾಂಕ್ರೀಟ್ ಸುಮಾರು 417 ಘನ ಅಡಿ. ಪುಸ್ತಕದ ಲೆಕ್ಕ ಬಲ್ಲವರು ಕೂಡಲೇ 1, 1.5, 3 ಕೂಡಿಸಿ 5.5 ಪಾಲು ಎನ್ನುತ್ತಾರೆ. 417ನ್ನು 5.5ರಿಂದ ಭಾಗಿಸಿದರೆ ಸಿಮೆಂಟ್ ಸುಮಾರು 76 ಘನ ಅಡಿ. 50 ಕಿಲೋದ ಗೋಣಿಯೊಂದು ಸುಮಾರು 1.23 ಘನ ಅಡಿ. ಹಾಗಾಗಿ 62 ಗೋಣಿ ಸಾಕು ಅನಿಸುತ್ತದೆ. ಅಷ್ಟೇ ತರಿಸಿಟ್ಟುಕೊಂಡರೆ ಸ್ಲ್ಯಾಬು ಮೂರನೇ ಎರಡು ಭಾಗ ಆಗುವಷ್ಟರಲ್ಲಿ ಸಿಮೆಂಟ್ ಖಾಲಿ. ಒಮ್ಮೆ ಸುರುವಾದ ಸ್ಲ್ಯಾಬನ್ನು ನಡುವೆ ನಿಲ್ಲಿಸಿದರೆ ಹಳತೂ ಹೊಸತೂ ಕೂಡುವಲ್ಲಿ ಬಿರುಕು ಬಿಡಬಹುದು, ಮಳೆಗಾಲದಲ್ಲಿ ನೀರು ಇಳಿಯುವುದೂ ಅಲ್ಲಿಂದಲೇ.

ಭಾಗಾಕಾರ ಸರಿ ಇತ್ತು. ಒಟ್ಟು ತಪ್ಪಾಗಿತ್ತು. 417 ಘನ ಅಡಿ ಎನ್ನುವುದು ನೀರು ಹಾಕಿ ಕಲಸಿ, ತಟ್ಟಿ ಕೂರಿಸಿದ ಕಾಂಕ್ರೀಟಿನ ಅಳತೆ. 1:1.5:3 ಎನ್ನುವುದು ಒಣ ಸಾಮಾನುಗಳನ್ನು ಬೇರೆ ಬೇರೆಯಾಗಿ ಅಳೆದ ಅನುಪಾತ. ಒಂದು ಬುಟ್ಟಿ ತುಂಬ ತೆಂಗಿನಕಾಯಿ ಇದೆ; ಅದರ ಮೇಲೆ ಅರ್ಧ ಬುಟ್ಟಿ ಅಡಿಕೆ ಸುರಿದರೆ ಬಹುಪಾಲು ಕಾಯಿಗಳ ಸಂದಿಗೆ ಇಳಿದುಹೋಗುತ್ತದೆ. ಮತ್ತೆ ಅಕ್ಕಿ ಸುರಿದರೆ ಅದು ಅಡಿಕೆಯ ಸಂದಿಗಳನ್ನು ಹುಡುಕಿಕೊಳ್ಳುತ್ತದೆ. ಜಲ್ಲಿ, ಹೊಯ್ಗೆ, ಸಿಮೆಂಟ್ ಕೂಡುವುದೂ ಹೀಗೆಯೇ. ಹಾಗಾಗಿ ಒಂದು ಪಾಲು ಹಸಿ ಕಾಂಕ್ರೀಟಿಗೆ ಸುಮಾರು 1.54 ಪಾಲು ಒಣ ಸಾಮಾನು ಬೇಕು ಎಂದು ಎಂಜಿನಿಯರರು ಲೆಕ್ಕ ಹಿಡಿಯುತ್ತಾರೆ.

417ನ್ನು 1.54ರಿಂದ ಗುಣಿಸಿದರೆ ಸುಮಾರು 642. ಹಂಚಬೇಕಾದ ಒಟ್ಟು ಇದು. 5.5 ಪಾಲು ಮಾಡಿದರೆ ಸಿಮೆಂಟ್ ಸುಮಾರು 117 ಘನ ಅಡಿ, ಅಂದರೆ 95 ಗೋಣಿ. ಹೊಯ್ಗೆ 175 ಘನ ಅಡಿ, ಜಲ್ಲಿ 350. ಮೊದಲಿನ ಲೆಕ್ಕಕ್ಕೂ ಇದಕ್ಕೂ ಅಂತರ 33 ಗೋಣಿ. ಅನುಭವಸ್ಥ ಮೇಸ್ತ್ರಿ 1.54 ಎಂಬ ಸಂಖ್ಯೆ ಕೇಳಿರಲಿಕ್ಕಿಲ್ಲ, ಆದರೆ “ನೂರಕ್ಕೆ ಹತ್ತಿರ ಬೇಕು ಮಾರಾಯ್ರೆ, ಕಲಸಿದ ಮೇಲೆ ಇಳೀತದೆ” ಎಂದು ಅವರ ಕಣ್ಣಳತೆ ಹೇಳುತ್ತದೆ. ಆ “ಇಳೀತದೆ” ಎಂಬ ಒಂದು ಮಾತಿನಲ್ಲಿ ಇಡೀ ಲೆಕ್ಕವಿದೆ.

ಇಷ್ಟಾದರೂ ಮಂಗಳೂರಿನಲ್ಲಿ ಒಂದು ಕೆಲಸ ಬಾಕಿ ಇರುತ್ತದೆ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಮಳೆ ಹಿಡಿಯುವ ಈ ಊರಿನಲ್ಲಿ ಹೊಯ್ಗೆ ಒಣಗಿರುವುದೇ ಅಪರೂಪ. ಒದ್ದೆ ಹೊಯ್ಗೆಗೆ ಒಂದು ವಿಚಿತ್ರ ಗುಣವಿದೆ. ಒಂದೊಂದು ಕಣದ ಸುತ್ತಲೂ ನೀರಿನ ತೆಳು ಪೊರೆ ಕೂತು ಕಣಗಳನ್ನು ಒಂದಕ್ಕೊಂದು ದೂರ ತಳ್ಳುತ್ತದೆ, ರಾಶಿ ಉಬ್ಬುತ್ತದೆ. ತೂಕದಲ್ಲಿ ನೂರಕ್ಕೆ ನಾಲ್ಕೈದರಷ್ಟು ತೇವವಿದ್ದರೂ ಸಾಕು, ಹೊಯ್ಗೆ ಕಾಲು ಭಾಗದಷ್ಟು ಹೆಚ್ಚು ಜಾಗ ಹಿಡಿಯಬಹುದು. ಬುಟ್ಟಿ ತುಂಬಿ ಕಾಣುತ್ತದೆ, ಒಳಗಿರುವ ಹೊಯ್ಗೆ ಕಡಿಮೆ. 1:1.5:3 ಎಂದು ಅಳೆದು ಹಾಕಿದ್ದು ನಿಜದಲ್ಲಿ 1:1.2:3 ಆಗಿಬಿಡುತ್ತದೆ.

ಇದನ್ನು ನೋಡಲು ಪ್ರಯೋಗಾಲಯ ಬೇಕಿಲ್ಲ, ನೇರ ಗೋಡೆಯ ಒಂದು ಗಾಜಿನ ಜಾಡಿ ಸಾಕು. ರಾಶಿಯಿಂದ ಒದ್ದೆ ಹೊಯ್ಗೆ ತೆಗೆದು, ಒತ್ತದೆ ಜಾಡಿಗೆ ಸುರಿದು, 20 ಸೆಂಟಿಮೀಟರಿಗೆ ಗೆರೆ ಎಳೆಯಬೇಕು. ಅದನ್ನು ಬೇರೆ ಪಾತ್ರೆಗೆ ಬಗ್ಗಿಸಿಕೊಂಡು, ಜಾಡಿಗೆ ಅರ್ಧದಷ್ಟು ನೀರು ಹಾಕಿ, ಹೊಯ್ಗೆಯನ್ನು ಮತ್ತೆ ಅದರೊಳಗೆ ಸುರಿದು ಕಲಕಿ ಬಿಡಬೇಕು. ನೀರು ತುಂಬಿಕೊಂಡ ಕೂಡಲೇ ಆ ತೆಳು ಪೊರೆಗಳ ಬಿಗಿ ಬಿಟ್ಟುಹೋಗುತ್ತದೆ; ಕಣಗಳು ಕೆಳಗಿಳಿದು, ಒಣ ಹೊಯ್ಗೆ ಎಷ್ಟು ಜಾಗ ಹಿಡಿಯುತ್ತಿತ್ತೋ ಅಷ್ಟಕ್ಕೆ ಬಂದು ಕೂರುತ್ತವೆ. ಗೆರೆಯಿಂದ ಕೆಳಗೆ ಬಂದು ಅದು 16ಕ್ಕೆ ನಿಂತಿತು ಎಂದರೆ, ಹೊರಗೆ ಮಳೆಯಲ್ಲಿ ನೆನೆಯುತ್ತಿರುವ ರಾಶಿಯಿಂದ ನಾಲ್ಕು ಬುಟ್ಟಿಯ ಬದಲು ಐದು ಬುಟ್ಟಿ ಎತ್ತಬೇಕು; ಆ ಸ್ಲ್ಯಾಬಿಗೆ 175 ಘನ ಅಡಿಯ ಜಾಗದಲ್ಲಿ ಸುಮಾರು 219.